ಅಳಿಯಸಂತಾನದ ಕಟ್ಟು ಮತ್ತು ವರ್ಗದ ಲೆಕ್ಕ: ಆಧಾರಗಳ ಓದನ್ನು ಕುರಿತು ಒಂದು ವಿಮರ್ಶೆ

ಆಧಾರವಿಲ್ಲದೆ ಏನನ್ನೂ ಬರೆಯಬಾರದೆಂದು ಚರಿತ್ರೆಯ ವಿದ್ಯಾರ್ಥಿಗಳಿಗೆ ನಾವು ಮೊದಲ ದಿನವೇ ಹೇಳುತ್ತೇವೆ. ಆ ಆಧಾರವನ್ನು ಯಾರು ಬರೆಸಿದರು, ಯಾವ ಕಾರ್ಯಕ್ಕಾಗಿ ಬರೆಸಿದರು, ಅದರಲ್ಲಿ ಯಾರ ಹೆಸರಿಗೆ ಎಡೆಯಿತ್ತು, ಯಾರ ಹೆಸರಿಗೆ ಎಡೆಯಿರಲಿಲ್ಲ ಎಂಬುದನ್ನು ಹೇಳಿಕೊಡುವ ವೇಳೆಗೆ ವರ್ಷ ಮುಗಿದಿರುತ್ತದೆ. ಇದರ ಫಲವನ್ನು ಕಳೆದ ವರ್ಷ ನಾನು ಕಣ್ಣಾರೆ ಕಂಡೆನು. ವಿದ್ಯಾರ್ಥಿನಿಯೊಬ್ಬಳು ಉಡುಪಿಯ ಸೀಮೆಯ ತನ್ನ ಊರಿನ ಭೂಸಂಬಂಧಗಳನ್ನು ಕುರಿತು ಕಿರುಪ್ರಬಂಧವೊಂದನ್ನು ಬರೆದು ತಂದಳು. ಹಳೆಯ ಅಡಂಗಲ್ ಪ್ರತಿಗಳನ್ನು ಶ್ರಮಪಟ್ಟು ಸಂಗ್ರಹಿಸಿ, ಒಂದೊಂದು ಸರ್ವೆ ನಂಬರಿನ ಎದುರಿಗಿದ್ದ ಹೆಸರನ್ನೂ ಪಟ್ಟಿಮಾಡಿದ್ದಳು. ಅವಳ ನಿರ್ಣಯ ಹೀಗಿತ್ತು: ಸ್ವಾತಂತ್ರ್ಯಕ್ಕೆ ಮುಂಚೆ ಆ ಗ್ರಾಮದ ಹೆಂಗಸರಿಗೆ ಭೂಮಿಯ ಒಡೆತನವಿರಲಿಲ್ಲ.

“ನಿಮ್ಮ ಮನೆಯ ಭೂಮಿ ನಿಮಗೆ ಹೇಗೆ ಬಂತು?” ಎಂದು ಕೇಳಿದೆನು.

“ಅಜ್ಜಿಯ ಅಜ್ಜಿಯಿಂದ ಸರ್. ನಮ್ಮದು ಅಳಿಯಕಟ್ಟು.”

“ಹಾಗಾದರೆ ಆ ಅಜ್ಜಿಯ ಹೆಸರು ಪ್ರಬಂಧದಲ್ಲಿ ಎಲ್ಲಿದೆ?”

“ಅಡಂಗಲ್ಲಿನಲ್ಲಿ ಅವರ ಹೆಸರು ಇಲ್ಲವಲ್ಲ ಸರ್” ಎಂದಳು.

ತನ್ನ ಮನೆಯವರು ನಾಲ್ಕು ತಲೆಮಾರುಗಳಿಂದ ಬಲ್ಲ ಸಂಗತಿಯೊಂದನ್ನು, ಸರಕಾರದ ಕಾಗದದಲ್ಲಿ ಇಲ್ಲವೆಂಬ ಕಾರಣದಿಂದ, ಆ ಹುಡುಗಿ ಸುಳ್ಳೆಂದು ಎಣಿಸಿದ್ದಳು. ಅವಳನ್ನು ದೂರುವ ಹಕ್ಕು ನನಗಿಲ್ಲ. ನನ್ನ ಸ್ನಾತಕೋತ್ತರ ಪ್ರಬಂಧದಲ್ಲಿಯೂ ಕಂದಾಯದ ಪಟ್ಟಿಯಲ್ಲಿ ಕಂಡ ಹೆಸರುಗಳನ್ನೆಲ್ಲ ಒಡೆಯರೆಂದೇ ಎಣಿಸಿ ಕೂಡಿಸಿದ್ದೆನು, ಪರೀಕ್ಷಕರು ಆಕ್ಷೇಪಿಸಲಿಲ್ಲ. ಈ ಓದಿನ ಕ್ರಮದಲ್ಲಿರುವ ದೋಷವನ್ನು ತುಳುನಾಡಿನ ನಿದರ್ಶನದಿಂದ ಪರಿಶೀಲಿಸುವುದೇ ಈ ಲೇಖನದ ಉದ್ದೇಶ.

ಅಳಿಯಸಂತಾನದ ಪದ್ಧತಿ ತಿಳಿಯದ ವಾಚಕರಿಗಾಗಿ ಒಂದೆರಡು ಮಾತು. ಬಂಟರು, ಬಿಲ್ಲವರು, ಮೊಗವೀರರು ಮೊದಲಾದ ಸಮುದಾಯಗಳಲ್ಲಿ ವಂಶವನ್ನು ತಾಯಿಯಿಂದ ಎಣಿಸುತ್ತಾರೆ. ಒಬ್ಬ ಮೂಲಸ್ತ್ರೀ, ಅವಳ ಮಕ್ಕಳು, ಹೆಣ್ಣುಮಕ್ಕಳ ಮಕ್ಕಳು, ಹೀಗೆ ಬೆಳೆದುದು ಕುಟುಂಬ. ಅದರೊಳಗೆ ಒಬ್ಬೊಬ್ಬ ಹೆಣ್ಣಿನ ಸಂತತಿಯೂ ಒಂದೊಂದು ಕವರು. ಗಂಡಸು ತನ್ನ ತಾಯಿಯ ಕುಟುಂಬಕ್ಕೆ ಸೇರಿದವನು, ಅವನ ಮಕ್ಕಳು ಅವನ ಹೆಂಡತಿಯ ಕುಟುಂಬಕ್ಕೆ ಸೇರಿದವರು. ಆಸ್ತಿ ಕುಟುಂಬದ್ದು. ಅದನ್ನು ನೋಡಿಕೊಳ್ಳುವವನು ಯಜಮಾನ; ಹಿರಿಯಳಾದ ಹೆಂಗಸೇ ಆಡಳಿತ ನಡೆಸಿದರೆ ಯಜಮಾನತಿ. ಸಾಮಾನ್ಯವಾಗಿ ಈ ಸ್ಥಾನದಲ್ಲಿದ್ದವನು ಸೋದರಮಾವ. ಅವನ ಆಡಳಿತಕ್ಕೂ ಒಡೆತನಕ್ಕೂ ಇದ್ದ ವ್ಯತ್ಯಾಸವನ್ನು ಮನೆಯೊಳಗಿನವರೆಲ್ಲರೂ ಬಲ್ಲರು. ಮನೆಯ ಹೊರಗೆ ಲೆಕ್ಕ ಬರೆದ ಶಾನುಭೋಗನಿಗೆ ಆ ವ್ಯತ್ಯಾಸದಿಂದ ಆಗಬೇಕಾದುದೇನೂ ಇರಲಿಲ್ಲ.

ಈ ಪದ್ಧತಿಗೆ ಆಧಾರವೆಂದು ಎರಡು ಬಗೆಯ ಬರಹಗಳು ನಮ್ಮ ಮುಂದಿವೆ. ಒಂದು, ಭೂತಾಳ ಪಾಂಡ್ಯನ ಹೆಸರಿನಲ್ಲಿರುವ ಅಳಿಯಸಂತಾನದ ಕಟ್ಟುಕಟ್ಟಳೆ. ಇನ್ನೊಂದು, ವರ್ಗದ ಲೆಕ್ಕ, ಎಂದರೆ ಕಂದಾಯ ಕಟ್ಟುವ ಹಿಡುವಳಿಗಳ ದಾಖಲೆ. ಮೊದಲನೆಯದನ್ನು ಕೃತಕವೆಂದು ತಳ್ಳಿಹಾಕುವುದೂ ಎರಡನೆಯದನ್ನು ಸರಕಾರಿ ಎಂಬ ಒಂದೇ ಕಾರಣಕ್ಕೆ ನಂಬುವುದೂ ನಮ್ಮಲ್ಲಿ ರೂಢಿಯಾಗಿದೆ. ನನ್ನ ಅಭಿಪ್ರಾಯದಲ್ಲಿ ಎರಡೂ ಆತುರದ ನಿರ್ಣಯಗಳು.

ಕಟ್ಟುಕಟ್ಟಳೆಯ ಕಥೆ ಕರಾವಳಿಯಲ್ಲಿ ಎಲ್ಲರಿಗೂ ಪರಿಚಿತವಾದುದು. ದೇವ ಪಾಂಡ್ಯನೆಂಬವನು ಹಡಗುಗಳನ್ನು ನೀರಿಗಿಳಿಸಹೊರಟಾಗ ಕುಂಡೋದರನೆಂಬ ಭೂತವು ನರಬಲಿಯನ್ನು ಬೇಡಿತು. ರಾಜನ ಹೆಂಡತಿ ತನ್ನ ಮಗನನ್ನು ಕೊಡಲು ಒಪ್ಪಲಿಲ್ಲ. ತಂಗಿ ತನ್ನ ಮಗನನ್ನು ಒಪ್ಪಿಸಿದಳು. ಭೂತವು ಮೆಚ್ಚಿ ಆ ಬಾಲಕನನ್ನು ಉಳಿಸಿತು. ಅವನೇ ಭೂತಾಳ ಪಾಂಡ್ಯನೆಂಬ ಹೆಸರಿನಿಂದ ಬಾರಕೂರಿನಲ್ಲಿ ಆಳಿ, ಆಸ್ತಿ ಮಗನಿಗೆ ಹೋಗದೆ ಅಳಿಯನಿಗೆ ಹೋಗತಕ್ಕದ್ದೆಂದು ಕಟ್ಟುಮಾಡಿದನಂತೆ. ಕಾಲ ಕ್ರಿ. ಶ. ೭೭ ಎಂದು ಹೇಳಿಕೆ.

ಈ ಕಾಲನಿರ್ದೇಶವನ್ನು ಒಪ್ಪುವುದು ಸಾಧ್ಯವಿಲ್ಲ. ಕನ್ನಡದ ಮೊದಲ ಶಾಸನಗಳಲ್ಲಿ ಒಂದಾದ ಹಲ್ಮಿಡಿಯ ಶಾಸನವೇ ಐದನೆಯ ಶತಮಾನದ್ದು. ತುಳುನಾಡಿನ ಮಟ್ಟಿಗೆ ಅತ್ಯಂತ ಹಳೆಯದೆನಿಸಿದ ವಡ್ಡರ್ಸೆಯ ಕನ್ನಡ ಶಾಸನವು ಏಳನೆಯ ಶತಮಾನದ್ದೆಂದು ಎಣಿಕೆ. ಹೀಗಿರಲು ಮೊದಲನೆಯ ಶತಮಾನದ ಅರಸನೊಬ್ಬ ಹೊಸಗನ್ನಡದಲ್ಲಿ ದಾಯಭಾಗದ ವಿಧಿಗಳನ್ನು ಬರೆಸಿದನೆಂಬುದನ್ನು ನಂಬುವುದು ಹೇಗೆ? ಮಂಗಳೂರಿನಲ್ಲಿ ನ್ಯಾಯಾಧೀಶರಾಗಿದ್ದ ಎ. ಸಿ. ಬರ್ನೆಲ್ ಅವರು ಹತ್ತೊಂಬತ್ತನೆಯ ಶತಮಾನದಲ್ಲಿಯೇ ಇದನ್ನು ಈಚಿನ ಕೃತಕವೆಂದು ತೀರ್ಮಾನಿಸಿದ್ದರು. ಬಿ. ಎ. ಸಾಲೆತೊರೆ, ಕೆ. ವಿ. ರಮೇಶ್, ಪಿ. ಗುರುರಾಜ ಭಟ್ಟ ಮೊದಲಾದವರು ತುಳುನಾಡಿನ ಚರಿತ್ರೆಯನ್ನು ಶಾಸನಗಳ ನೆಲೆಯ ಮೇಲೆ ಕಟ್ಟಿದ ಮೇಲೆ ಈ ವಿಷಯದಲ್ಲಿ ಚರ್ಚೆಗೆ ಹೆಚ್ಚು ಎಡೆ ಉಳಿದಿಲ್ಲ.

ಆದರೆ ಇಲ್ಲಿಗೆ ವಿಚಾರ ಮುಗಿಯಲಿಲ್ಲ. ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲಿ ಅಚ್ಚಾದ ಈ ಕಟ್ಟಳೆಯನ್ನು ದಾಯಾದಿಗಳ ವ್ಯಾಜ್ಯಗಳಲ್ಲಿ ಪ್ರಮಾಣಗ್ರಂಥವೆಂದು ನ್ಯಾಯಾಲಯಗಳ ಮುಂದೆ ಇಡಲಾಯಿತು. ೧೮೬೩ರಲ್ಲಿ ಮದರಾಸಿನ ಉಚ್ಚ ನ್ಯಾಯಾಲಯವು, ಅಳಿಯಸಂತಾನದ ಕುಟುಂಬದಲ್ಲಿ ಒಬ್ಬ ಸದಸ್ಯನು ಬಲವಂತವಾಗಿ ವಿಭಾಗವನ್ನು ಕೇಳುವಂತಿಲ್ಲವೆಂದು ನಿರ್ಣಯಿಸಿತು. ಎಲ್ಲರೂ ಒಪ್ಪಿದರೆ ಪಾಲಾಗಬಹುದು. ಒಬ್ಬರು ಒಪ್ಪದಿದ್ದರೂ ಇಲ್ಲ. ಆಸ್ತಿಯ ಹಕ್ಕೆಲ್ಲವೂ ಹೆಂಗಸಿನಿಂದ ಬರುವುದೆಂಬ ತತ್ತ್ವವನ್ನು ಮಲಬಾರಿನ ಮರುಮಕ್ಕತ್ತಾಯಕ್ಕಿಂತ ಅಳಿಯಸಂತಾನವು ಹೆಚ್ಚು ನಿಷ್ಠೆಯಿಂದ ಪಾಲಿಸುತ್ತದೆಂಬ ಮಾತೂ ಆ ಕಾಲದ ನ್ಯಾಯಶಾಸ್ತ್ರದಲ್ಲಿ ನೆಲೆಯೂರಿತು. ಮುಂದೆ ಎಂಬತ್ತು ವರ್ಷಗಳಿಗೂ ಮಿಕ್ಕಿ ಈ ಅವಿಭಾಜ್ಯತೆಯ ನಿಯಮವೇ ಕರಾವಳಿಯ ಸಾವಿರಾರು ಮನೆಗಳನ್ನು ಆಳಿತು.

ಕಟ್ಟಳೆ ಕ್ರಿ. ಶ. ೭೭ಕ್ಕೆ ಆಧಾರವಲ್ಲ, ನಿಜ. ಆದರೆ ಹತ್ತೊಂಬತ್ತನೆಯ ಶತಮಾನಕ್ಕೆ ಅದು ಒಳ್ಳೆಯ ಆಧಾರ. ನ್ಯಾಯಾಲಯವು ಬರಹವನ್ನು ಕೇಳುತ್ತದೆಂದು ತಿಳಿದಾಗ ಒಂದು ಸಮಾಜವು ತನ್ನ ಬಾಯಿಮಾತಿನ ನಡವಳಿಕೆಗೆ ಎಂತಹ ಬರಹವನ್ನು ಒದಗಿಸಿತು ಎಂಬುದನ್ನು ಅದರಿಂದ ಅರಿಯಬಹುದು. ಗ್ರಂಥ ಕೃತಕವಾಗಿದ್ದ ಮಾತ್ರಕ್ಕೆ ಪದ್ಧತಿ ಕೃತಕವಾಗುವುದಿಲ್ಲ. ಬರ್ನೆಲ್ಲರ ತೀರ್ಪನ್ನು ಉದ್ಧರಿಸಿ ಪದ್ಧತಿಯೇ ಕಟ್ಟುಕಥೆಯೆಂಬಂತೆ ಬರೆಯುವವರು ಈ ಭೇದವನ್ನು ಕಾಣುವುದಿಲ್ಲ.

ಇನ್ನು ವರ್ಗದ ಲೆಕ್ಕ. ಇದರ ಮೇಲೆ ನಮ್ಮವರಿಗೆ ಸಂದೇಹವೇ ಹುಟ್ಟುವುದಿಲ್ಲ. ಆದುದರಿಂದ ಹೆಚ್ಚು ವಿಮರ್ಶೆ ಬೇಕಾದುದು ಇದಕ್ಕೇ.

೧೭೯೯ರಲ್ಲಿ ಟಿಪ್ಪುವಿನ ಪತನಾನಂತರ ಕೆನರಾ ಸೀಮೆಗೆ ಕಲೆಕ್ಟರಾಗಿ ಬಂದ ಥಾಮಸ್ ಮನ್ರೋ ೧೮೦೦ರಲ್ಲಿ ಬರೆದ ವರದಿಗಳಲ್ಲಿ, ಇಲ್ಲಿ ಭೂಮಿಯ ಮೇಲೆ ಖಾಸಗಿ ಒಡೆತನವು ಬಹು ಪ್ರಾಚೀನವೆಂದೂ, ವಿಜಯನಗರದ ಕಾಲದ ಕಂದಾಯ ಹಗುರವಾಗಿತ್ತೆಂದೂ, ಹೈದರ್ ಮತ್ತು ಟಿಪ್ಪುವಿನ ಕಾಲದ ಹೆಚ್ಚುವರಿಗಳಿಂದ ಒಡೆತನದ ಬೆಲೆಯೇ ಕುಗ್ಗಿತೆಂದೂ ವಾದಿಸಿದನು. ಮಾರ್ಕ್ ವಿಲ್ಕ್ಸನು ೧೮೧೦ರಲ್ಲಿ ಪ್ರಕಟಿಸಿದ ತನ್ನ ಇತಿಹಾಸ ಗ್ರಂಥದಲ್ಲಿ, ಭಾರತದಲ್ಲಿ ಭೂಮಿಯ ಒಡೆತನ ಪ್ರಜೆಗಳದೇ ಎಂದು ಸ್ಥಾಪಿಸುವಾಗ ಕೆನರಾದ ಉದಾಹರಣೆಯನ್ನು ಬಳಸಿಕೊಂಡನು. ಅಂದಿನಿಂದ ಇಂದಿನ ಪಠ್ಯಪುಸ್ತಕಗಳವರೆಗೆ ಕೆನರಾದ ವರ್ಗದಾರನೆಂದರೆ ಒಡೆಯ.

ಆದರೆ ಮನ್ರೋ ಎದುರಿಸಿದ್ದ ಪ್ರಶ್ನೆ ಯಾವುದು? ಭೂಮಿ ಯಾರದು ಎಂಬುದು ಸರಕಾರದ ಮುಂದಿದ್ದ ಪ್ರಶ್ನೆಯಾದುದು, ತೀರ್ವೆಯನ್ನು ಯಾರಿಂದ, ಎಷ್ಟು ವಸೂಲುಮಾಡಬೇಕೆಂಬುದರ ಅಂಗವಾಗಿ. ರೈತ ಹಾಗೂ ಸರಕಾರದ ನಡುವೆ ಒಡೆತನ ಯಾರದೆಂದು ಅವನು ವಿಚಾರಿಸಿದನೇ ಹೊರತು, ಮಾವ ಹಾಗೂ ಸೊಸೆಯ ನಡುವೆ ಯಾರದೆಂದು ವಿಚಾರಿಸಲಿಲ್ಲ; ಅವನಿಗೆ ಅದರ ಅಗತ್ಯವಿರಲಿಲ್ಲ. ವರ್ಗದ ಎದುರಿಗೆ ಒಂದು ಹೆಸರು ಬೇಕಾಗಿತ್ತು. ಬಾಕಿ ಬಿದ್ದರೆ ಯಾರನ್ನು ಕರೆಸಬೇಕೆಂಬುದನ್ನು ತಿಳಿಸುವ ಹೆಸರು. ಕುಟುಂಬವು ಯಜಮಾನನ ಹೆಸರನ್ನು ಕೊಟ್ಟಿತು. ಕಚೇರಿಗೆ ಹೋಗುವವನು, ತೀರ್ವೆ ಕಟ್ಟುವವನು ಅವನೇ. ಇದರಲ್ಲಿ ಮೋಸವಾಗಲಿ ತಪ್ಪಾಗಲಿ ಏನೂ ಇರಲಿಲ್ಲ. ಕಟ್ಟುವವನ ಹೆಸರನ್ನು ಒಡೆಯನ ಹೆಸರೆಂದು ಮುಂದಿನವರು ಓದತೊಡಗಿದಾಗ ತಪ್ಪು ಆರಂಭವಾಯಿತು.

ಈ ತಪ್ಪು ಕೇವಲ ಇತಿಹಾಸಕಾರರದಾಗಿದ್ದರೆ ಹಾನಿ ಕಡಿಮೆ. ನಮ್ಮ ಪುಸ್ತಕಗಳಲ್ಲಿ ಎಷ್ಟೋ ತಪ್ಪುಗಳಿವೆ, ಅವುಗಳಿಂದ ಯಾರ ಗದ್ದೆಯೂ ಹೋಗಿಲ್ಲ. ಇಲ್ಲಿ ಮಾತ್ರ ಹಾಗಲ್ಲ. ಯಜಮಾನನು ತೀರಿಕೊಂಡಾಗ ದಾಖಲೆಯಲ್ಲಿ ಇದ್ದುದು ಅವನ ಹೆಸರು. ಹಳೆಯ ಕಟ್ಟಿನ ಮೇರೆಗೆ ಆಸ್ತಿ ಅವನ ತಾಯಿಯ ಕುಟುಂಬದಲ್ಲಿಯೇ ಉಳಿಯತಕ್ಕದ್ದು. ಆದರೆ ಅವನ ಮಕ್ಕಳ ಕೈಗೆ ಸಿಕ್ಕ ಕಾಗದದಲ್ಲಿ ಅದು ತಂದೆಯ ಭೂಮಿ. ಒಂದು ಕಡೆಯಲ್ಲಿ ತಂಗಿ, ತಂಗಿಯ ಮಕ್ಕಳು. ಇನ್ನೊಂದು ಕಡೆಯಲ್ಲಿ ಹೆಂಡತಿ, ಮಕ್ಕಳು. ಇಬ್ಬರೂ ಸುಳ್ಳು ಹೇಳುತ್ತಿಲ್ಲ.

ಶಾಸನಗಳು ಈ ಜಗಳವನ್ನು ಬಿಡಿಸಲು ಯತ್ನಿಸಿದವು, ಕೆಲವೊಮ್ಮೆ ಹೊಸ ಗಂಟುಗಳನ್ನೂ ಹಾಕಿದವು. ೧೯೪೯ರ ಮದರಾಸು ಅಳಿಯಸಂತಾನ ಶಾಸನವು ಕವರುಗಳಿಗೆ ವಿಭಾಗದ ಹಕ್ಕನ್ನು ಕೊಟ್ಟಿತು. ಅದರ ಒಂದು ವ್ಯಾಖ್ಯೆಯನ್ನು ಇಲ್ಲಿ ಗಮನಿಸತಕ್ಕದ್ದು. ಐವತ್ತು ವರ್ಷ ತುಂಬದ ಒಬ್ಬ ಹೆಂಗಸಾದರೂ ಇರುವ ಕವರು ಸಂತತಿ ಕವರು. ಅಂಥವಳು ಇಲ್ಲದುದು ನಿಸ್ಸಂತತಿ ಕವರು. ವಿಭಾಗದ ಕಾಲದಲ್ಲಿ ಕುಟುಂಬದಲ್ಲಿ ಸಂತತಿ ಕವರು ಇದ್ದರೆ, ನಿಸ್ಸಂತತಿ ಕವರಿಗೆ ಬಂದ ಪಾಲು ಜೀವಾವಧಿಗೆ ಮಾತ್ರ. ಹೀಗೆ ಹೆಂಗಸೊಬ್ಬಳ ವಯಸ್ಸು ಗದ್ದೆತೋಟಗಳ ಗತಿಯನ್ನು ನಿರ್ಣಯಿಸುವ ಸಂಗತಿಯಾಯಿತು. ವರ್ಗದ ಲೆಕ್ಕದಲ್ಲಿ ಹುಡುಕಿದರೆ ಆ ಹೆಂಗಸು ಇದ್ದಳೆಂಬ ಸುಳಿವು ಕೂಡ ದೊರೆಯದು!

ತರುವಾಯ ೧೯೫೬ರ ಹಿಂದೂ ಉತ್ತರಾಧಿಕಾರ ಶಾಸನ ಬಂದಿತು. ಅದರ ಏಳನೆಯ ಪ್ರಕರಣದ ಮೇರೆಗೆ, ಅಳಿಯಸಂತಾನದವರೊಬ್ಬರು ತೀರಿಕೊಂಡಾಗ ಕುಟುಂಬದ ಅಥವಾ ಕವರಿನ ಆಸ್ತಿಯಲ್ಲಿ ಅವರಿಗಿದ್ದ ಅಂಶವು, ತಲೆಗೊಂದರಂತೆ ಪಾಲಾದಂತೆ ಭಾವಿಸಿ, ಹೊಸ ಶಾಸನದ ವಾರಸುದಾರರಿಗೆ ಹೋಗುತ್ತದೆ. ಗಂಡಸಿನ ಹೆಂಡತಿಮಕ್ಕಳಿಗೆ ಇದರಿಂದ ಹಕ್ಕು ಬಂದುದು ನ್ಯಾಯವೇ ಸರಿ. ಆದರೆ ಬಂದುದು ಅವನ ಒಂದು ತಲೆಯ ಪಾಲಿನ ಮಟ್ಟಿಗೆ. ದಾಖಲೆಯಲ್ಲಿ ಅವನ ಹೆಸರಿನಲ್ಲಿದ್ದುದು ಇಡೀ ವರ್ಗ. ಅದೇ ವರ್ಷ ರಾಜ್ಯಗಳ ಪುನರ್ವಿಂಗಡಣೆಯಿಂದ ದಕ್ಷಿಣ ಕನ್ನಡವು ಮೈಸೂರಿಗೂ ಕಾಸರಗೋಡು ಕೇರಳಕ್ಕೂ ಸೇರಿದವು. ಕೇರಳದಲ್ಲಿ ೧೯೭೫ರ ಶಾಸನದಿಂದ ಹಿಂದೂ ಅವಿಭಕ್ತ ಕುಟುಂಬವೇ ರದ್ದಾಯಿತು. ಒಂದೇ ಕುಟುಂಬದ ಎರಡು ಕವರುಗಳು ಗಡಿಯ ಎರಡು ಬದಿಗಳಲ್ಲಿ ಎರಡು ಶಾಸನಗಳಿಗೆ ಒಳಪಟ್ಟವು.

ಭೂಸುಧಾರಣೆಯ ಕಾಲದಲ್ಲಿ ಇದೇ ಕಥೆ ಗೇಣಿದಾರರ ಮನೆಗಳಲ್ಲಿ ಮರುಕಳಿಸಿತು. ೧೯೭೪ರ ತಿದ್ದುಪಡಿಯ ಮೇರೆಗೆ ಚಾಲಗೇಣಿದಾರರು ಏಳನೆಯ ನಮೂನೆಯಲ್ಲಿ ಡಿಕ್ಲರೇಶನ್ ಸಲ್ಲಿಸಿ ಭೂನ್ಯಾಯಮಂಡಲಿಗಳಿಂದ ಅಧಿಭೋಗದ ಹಕ್ಕನ್ನು ಪಡೆದರು. ದಕ್ಷಿಣ ಕನ್ನಡದಲ್ಲಿ ಈ ಸುಧಾರಣೆ ರಾಜ್ಯದ ಇತರ ಕಡೆಗಳಿಗಿಂತ ಆಳವಾಗಿ ನಡೆಯಿತೆಂಬುದು ನಮ್ಮ ನಾಡು ಹೆಮ್ಮೆಪಡತಕ್ಕ ವಿಷಯ. ಆದರೆ ನಮೂನೆಗೆ ಸಹಿ ಹಾಕಿದವನು ಸಾಮಾನ್ಯವಾಗಿ ಮನೆಯ ಒಬ್ಬನೇ. ಅವನು ಸ್ವಂತಕ್ಕಾಗಿ ಬೇಡಿದನೇ, ಕುಟುಂಬದ ಪರವಾಗಿ ಬೇಡಿದನೇ? ಒಡೆಯನ ಎದುರಿಗೆ ನಿಂತಾಗ ಮನೆಯಲ್ಲಿ ಆ ಪ್ರಶ್ನೆ ಹುಟ್ಟಲಿಲ್ಲ. ಭೂಮಿ ತಮ್ಮದಾದ ಮೇಲೆ, ಆ ಮನುಷ್ಯ ತೀರಿಕೊಂಡ ಮೇಲೆ ಹುಟ್ಟಿತು. ಇಂತಹ ದಾವೆಗಳು ಇಂದಿಗೂ ನಮ್ಮ ನ್ಯಾಯಾಲಯಗಳಲ್ಲಿ ನಡೆಯುತ್ತಿವೆ.

ಇದಕ್ಕೆ ಕಾನೂನು ಬಲ್ಲ ಮಿತ್ರರು ಒಂದು ಆಕ್ಷೇಪವನ್ನು ಎತ್ತಬಹುದು. ಖಾತೆಯ ಬದಲಾವಣೆಯಿಂದ ಹಕ್ಕು ಹುಟ್ಟುವುದೂ ಇಲ್ಲ, ಅಳಿಯುವುದೂ ಇಲ್ಲ. ಅದು ಕಂದಾಯದ ವಸೂಲಿಗಾಗಿ ಮಾತ್ರವೆಂದು ಸರ್ವೋಚ್ಚ ನ್ಯಾಯಾಲಯವೇ ೧೯೯೬ರಲ್ಲಿಯೂ ೧೯೯೭ರಲ್ಲಿಯೂ ಹೇಳಿದೆಯಲ್ಲ, ಹೊಸದಾಗಿ ಹೇಳುವುದೇನಿದೆ ಎಂದು. ಆಕ್ಷೇಪ ಸರಿಯೆ. ಆದರೆ ೧೯೬೪ರ ಕರ್ನಾಟಕ ಭೂಕಂದಾಯ ಶಾಸನದ ೧೩೩ನೆಯ ಪ್ರಕರಣವನ್ನೂ ಜೊತೆಗಿಟ್ಟು ಓದಬೇಕು. ಹಕ್ಕುದಾಖಲೆಯಲ್ಲಿರುವ ನಮೂದು, ಅದಕ್ಕೆ ವಿರುದ್ಧವಾದುದು ರುಜುವಾಗುವವರೆಗೆ, ನಿಜವೆಂದೇ ಭಾವಿಸತಕ್ಕದ್ದು. ರುಜುವಾತಿನ ಹೊರೆ ಯಾರ ಹೆಗಲಿಗೆ ಬೀಳುತ್ತದೆ? ಹೆಸರಿಲ್ಲದವರ ಹೆಗಲಿಗೆ. ಆ ಹೆಸರಿಲ್ಲದವಳು ಸಾಮಾನ್ಯವಾಗಿ ಮನೆಯ ಹೆಣ್ಣುಮಗಳು. ವಕೀಲರ ಶುಲ್ಕವನ್ನೂ ಹತ್ತು ಹದಿನೈದು ವರ್ಷಗಳ ಅಲೆದಾಟವನ್ನೂ ಲೆಕ್ಕಹಾಕಿ, ಅಣ್ಣನ ಮನೆಯ ಬಾಗಿಲು ಮುಚ್ಚಿಹೋದೀತೆಂದು ಅಂಜಿ, ಅವಳು ಸುಮ್ಮನಾದರೆ ನಮೂದೇ ನಿಜವಾಗಿ ಉಳಿಯುತ್ತದೆ.

ಈ ಸ್ಥಿತಿ ಕರಾವಳಿಗೆ ಮಾತ್ರ ಸೀಮಿತವಾದುದಲ್ಲ. ಮಿತಾಕ್ಷರ ನಡೆಯುವ ಒಳನಾಡಿನಲ್ಲಿ ೧೯೯೪ರ ಕರ್ನಾಟಕದ ತಿದ್ದುಪಡಿಯೂ ೨೦೦೫ರ ಕೇಂದ್ರದ ತಿದ್ದುಪಡಿಯೂ ಹೆಣ್ಣುಮಕ್ಕಳನ್ನು ಹುಟ್ಟಿನಿಂದಲೇ ಸಹಭಾಗಿಗಳನ್ನಾಗಿ ಮಾಡಿದವು. ತಂದೆ ೨೦೦೫ರಲ್ಲಿ ಬದುಕಿರಬೇಕೆಂಬ ನಿಬಂಧನೆಯಿಲ್ಲವೆಂದು ೨೦೨೦ರಲ್ಲಿ ಸರ್ವೋಚ್ಚ ನ್ಯಾಯಾಲಯ ಸ್ಪಷ್ಟಪಡಿಸಿತು. ಹುಟ್ಟಿನಿಂದ ಬರುವ ಹಕ್ಕು ಪಹಣಿಗೆ ತಾನಾಗಿ ಬರುವುದಿಲ್ಲ. ತಂದೆ ಸತ್ತು ಎಷ್ಟೋ ವರ್ಷಗಳಾದರೂ ಪೌತಿ ಖಾತೆಯಾಗದೆ ಸತ್ತವರ ಹೆಸರಿನಲ್ಲಿಯೇ ಉಳಿದ ಪಹಣಿಗಳು ಯಾವ ಗ್ರಾಮದಲ್ಲಿ ಇಲ್ಲ? ೨೦೦೦ದ ಸುಮಾರಿಗೆ ಆರಂಭವಾದ ‘ಭೂಮಿ’ ಯೋಜನೆಯಲ್ಲಿ ರಾಜ್ಯದ ಸುಮಾರು ಎರಡು ಕೋಟಿ ಪಹಣಿಗಳು ಗಣಕಯಂತ್ರಕ್ಕೆ ಏರಿದವು. ಕೈಬರಹದ ಪುಸ್ತಕವನ್ನು ಮನಬಂದಂತೆ ತಿದ್ದುವ ಅವಕಾಶ ಅದರಿಂದ ತಪ್ಪಿತು. ಇದು ದೊಡ್ಡ ಉಪಕಾರ. ಆದರೆ ಯಂತ್ರಕ್ಕೆ ಏರಿದುದು ಹಳೆಯ ಪುಸ್ತಕದಲ್ಲಿದ್ದ ನಮೂದೇ.

ಇಂದಿನ ಪಹಣಿಯ ಒಂದು ಚಿಕ್ಕ ವಿವರವನ್ನು ನೋಡಿ. ಸ್ವಾಧೀನದಾರನ ಹೆಸರಿನ ಮುಂದೆ ‘ಬಿನ್’ ಎಂದು ಬರೆದು ತಂದೆಯ ಹೆಸರನ್ನು ಬರೆಯುತ್ತಾರೆ. ಹೆಂಗಸಾದರೆ ‘ಕೋಂ’ ಎಂದು ಬರೆದು ಗಂಡನ ಹೆಸರನ್ನು. ತಾಯಿಯಿಂದ ತಾಯಿಗೆ ಇಳಿದುಬಂದ ತುಳುನಾಡಿನ ಭೂಮಿಯ ಪಹಣಿಯಲ್ಲಿಯೂ ಇದೇ ಕ್ರಮ. ಯಾವ ಮೂಲದಿಂದ ಭೂಮಿ ಬಂದಿತೋ ಆ ತಾಯಿಯನ್ನು ಬರೆಯಲು ಸ್ಥಳವಿಲ್ಲ. ಯಾರಿಗೆ ಆ ಭೂಮಿಯಲ್ಲಿ ಕಟ್ಟಿನ ಪ್ರಕಾರ ಸಂಬಂಧವೇ ಇರಲಿಲ್ಲವೋ ಆ ಗಂಡನಿಗೂ ತಂದೆಗೂ ಸ್ಥಳವಿದೆ. ನಮೂನೆಯನ್ನು ರೂಪಿಸಿದವರಿಗೆ ಯಾವ ದುರುದ್ದೇಶವೂ ಇದ್ದಿರಲಾರದು. ಒಂದು ನಮೂನೆಯನ್ನು ಎಲ್ಲ ಸೀಮೆಗಳಿಗೂ ಹಾಕಿದರು, ಅಷ್ಟೆ.

ನಮ್ಮ ಪ್ರಾಚೀನರು ಈ ವಿಷಯದಲ್ಲಿ ನಮಗಿಂತ ಎಚ್ಚರದಿಂದ ಇದ್ದರೆಂದು ತೋರುತ್ತದೆ. ಆರನೆಯ ವಿಕ್ರಮಾದಿತ್ಯನ ಕಲ್ಯಾಣದಲ್ಲಿ ಕುಳಿತು ಮಿತಾಕ್ಷರವನ್ನು ಬರೆದ ವಿಜ್ಞಾನೇಶ್ವರನು, ಯಾಜ್ಞವಲ್ಕ್ಯನನ್ನು ಅನುಸರಿಸಿ, ವ್ಯವಹಾರದಲ್ಲಿ ಬರಹ, ಭೋಗ, ಸಾಕ್ಷಿ ಈ ಮೂರನ್ನೂ ಪ್ರಮಾಣಗಳೆಂದು ವಿಚಾರಿಸುತ್ತಾನೆ. ಭೂಮಿಯನ್ನು ಯಾರು ಅನುಭವಿಸುತ್ತ ಬಂದರು, ನೆರೆಹೊರೆಯವರು ಏನು ಬಲ್ಲರು ಎಂಬ ಪ್ರಶ್ನೆಗಳನ್ನು ಬರಹವು ಮುಚ್ಚಿಬಿಡುವುದಿಲ್ಲ. ತುಳುನಾಡಿಗೆ ಮಿತಾಕ್ಷರದ ದಾಯವಿಧಿ ಸಲ್ಲದಿದ್ದರೂ ಅದರ ಪ್ರಮಾಣವಿಚಾರ ಸಲ್ಲುತ್ತದೆ.

ಹಾಗಾದರೆ ಕಂದಾಯದ ದಾಖಲೆಗಳನ್ನು ಬಿಟ್ಟು ಎಲ್ಲಿಗೆ ಹೋಗಬೇಕು? ಬಿಡಬೇಕೆಂದು ನಾನು ಹೇಳುತ್ತಿಲ್ಲ. ಬೆಳೆ, ತೀರ್ವೆ, ಹಿಡುವಳಿಯ ವಿಸ್ತಾರ ಇವಕ್ಕೆ ಅವುಗಳಂತಹ ಆಧಾರ ಬೇರೆಯಿಲ್ಲ. ಒಡೆತನದ ಪ್ರಶ್ನೆ ಬಂದಾಗ ಮಾತ್ರ ಅವುಗಳ ಪಕ್ಕದಲ್ಲಿ ಮನೆಗಳಲ್ಲಿ ಉಳಿದಿರುವ ಪಾಲುಪಟ್ಟಿಗಳನ್ನು, ಕುಟುಂಬದ ಕರಾರುಪತ್ರಗಳನ್ನು, ಎಲ್ಲಕ್ಕಿಂತ ಮಿಗಿಲಾಗಿ ವಿಭಾಗದ ದಾವೆಗಳ ಕಡತಗಳನ್ನು ಇಟ್ಟು ನೋಡಬೇಕು. ನಮ್ಮ ಸಂಶೋಧಕರು ತೀರ್ಪನ್ನು ಓದುತ್ತಾರೆ, ವಾದಪತ್ರವನ್ನು ಓದುವುದಿಲ್ಲ. ಅಳಿಯಸಂತಾನದ ದಾವೆಯಲ್ಲಿ ವಾದಿಯು ತನ್ನ ಹಕ್ಕನ್ನು ತೋರಿಸಬೇಕಾದರೆ ಮೂಲಸ್ತ್ರೀಯಿಂದ ಆರಂಭಿಸಿ ವಂಶವೃಕ್ಷವನ್ನು ಲಗತ್ತಿಸಲೇಬೇಕು. ಒಂದೊಂದು ಕವರಿನ ತಲೆಯಲ್ಲಿ ಒಬ್ಬೊಬ್ಬ ಹೆಂಗಸು, ಅವಳ ಹೆಣ್ಣುಮಕ್ಕಳು, ಅವರಲ್ಲಿ ಸತ್ತವರು, ಸಂತತಿಯಿಲ್ಲದವರು, ಎಲ್ಲರ ಹೆಸರೂ ಅಲ್ಲಿವೆ. ಇದೂ ಸ್ವಾರ್ಥಕ್ಕಾಗಿ ಬರೆದ ಬರಹವೇ; ಎದುರಾಳಿಯ ಕವರನ್ನು ಕೈಬಿಟ್ಟ ವಂಶವೃಕ್ಷಗಳೂ ಇರುತ್ತವೆ. ಆದರೆ ಪ್ರತಿವಾದಿಯ ಉತ್ತರಪತ್ರ ಅದರ ಜೊತೆಯಲ್ಲಿಯೇ ಇರುವುದರಿಂದ ಒಂದನ್ನು ಇನ್ನೊಂದರಿಂದ ತಿದ್ದಿಕೊಳ್ಳಬಹುದು. ಶಾನುಭೋಗನ ಲೆಕ್ಕಕ್ಕೆ ಅಂತಹ ಉತ್ತರಪತ್ರವಿಲ್ಲ.

ತೀರ್ಮಾನವಾದ ದಾವೆಗಳ ಕಡತಗಳನ್ನು ನಿಯಮಾನುಸಾರ ಇಂತಿಷ್ಟು ವರ್ಷಗಳ ಮೇಲೆ ನಾಶಪಡಿಸುವುದು ನ್ಯಾಯಾಲಯಗಳ ಪದ್ಧತಿ. ಸ್ಥಳದ ಅಭಾವವನ್ನು ನೋಡಿದರೆ ಅವರನ್ನು ಆಕ್ಷೇಪಿಸಲಾಗದು. ಆದರೆ ಕರಾವಳಿಯ ಕಾಲೇಜುಗಳ ಇತಿಹಾಸ ವಿಭಾಗಗಳು, ಒಪ್ಪುವ ಮನೆಗಳಿಂದಲಾದರೂ ಹಳೆಯ ವಾದಪತ್ರಗಳ ಹಾಗೂ ಪಾಲುಪಟ್ಟಿಗಳ ಪ್ರತಿಗಳನ್ನು ಈಗಲೇ ಸಂಗ್ರಹಿಸತೊಡಗಬಹುದು. ಪಾಲು ಮುಗಿದ ಮನೆಗಳಲ್ಲಿ ಇವನ್ನು ಗೆದ್ದಲಿಗೆ ಬಿಟ್ಟಿರುತ್ತಾರೆ. ಪಾಲು ಮುಗಿಯದ ಮನೆಗಳಲ್ಲಿ ಕೇಳಲು ಹೋದವರನ್ನು ಎದುರು ಪಕ್ಷದವರೆಂದು ಶಂಕಿಸುತ್ತಾರೆ. ಆದುದರಿಂದ ಊರಿನ ವಿದ್ಯಾರ್ಥಿಗಳಿಂದಲೇ ಈ ಕೆಲಸ ಆಗಬೇಕು.

ಮೊದಲಲ್ಲಿ ಹೇಳಿದ ವಿದ್ಯಾರ್ಥಿನಿ ತನ್ನ ಪ್ರಬಂಧವನ್ನು ಹಿಂದಕ್ಕೆ ಪಡೆದು ಊರಿಗೆ ಹೋದಳು. ತರವಾಡು ಮನೆಯ ಪೆಟ್ಟಿಗೆಯಲ್ಲಿ ೧೯೪೯ರ ಶಾಸನ ಬಂದ ಮೇಲೆ ನಡೆದ ವಿಭಾಗದ ದಾವೆಯ ವಾದಪತ್ರದ ಪ್ರತಿಯೊಂದು ಅವಳಿಗೆ ದೊರೆಯಿತು. ಅಡಂಗಲ್ಲಿನಲ್ಲಿ ಯಜಮಾನನ ಒಂದೇ ಹೆಸರಿದ್ದ ವರ್ಗಕ್ಕೆ ಆ ವಾದಪತ್ರದ ವಂಶವೃಕ್ಷ ಎರಡು ಪುಟಗಳನ್ನು ತುಂಬಿತ್ತು. ಅವಳು ಹೇಳಿದ ಅಜ್ಜಿಯ ಅಜ್ಜಿ ಅದರ ತುದಿಯಲ್ಲಿದ್ದಳು. ಎರಡನೆಯ ಪುಟದ ಕೆಳಗಿನ ಮೂಲೆ ಹರಿದುಹೋಗಿದ್ದು, ಅಲ್ಲಿದ್ದ ಕವರು ಯಾವುದೆಂದು ಅವಳು ಈಗ ತನ್ನ ದೊಡ್ಡಮ್ಮನನ್ನು ಕೇಳಿ ಬರೆದುಕೊಳ್ಳುತ್ತಿದ್ದಾಳೆ.